ಊಟೆಮ್ಮ ‘ಬಿಟ್ಟೆ’ ಅಂದದ್ದು

ಕುವೈತಿನ ಸಲ್ವಾದ ಆ ಕಟ್ಟಡದ ನಾಲ್ಕನೇ ಮಹಡಿಯಲ್ಲಿ ಎದುರುಬದುರಾಗಿ ಎರಡು ಮನೆ. ಒಂದರಲ್ಲಿ ಸರಸಮ್ಮ, ಅವರ ಮಗ ಮನೀಷ್, ಸೊಸೆ ನಿಧಿ. ಮನೀಷ್ ಬೆಳಕು ಹರಿಯುವ ಮೊದಲೇ ಶುಐಬಾದ ಕಾರ್ಖಾನೆಯ ಬಸ್ಸು ಹಿಡಿಯುತ್ತಿದ್ದ. ಅವನ ಹಿಂದೆಯೇ ನಿಧಿ ಆಸ್ಪತ್ರೆಯ ಲ್ಯಾಬಿಗೆ ಹೊರಡುತ್ತಿದ್ದಳು. ಆಮೇಲೆ ಮನೆಯಲ್ಲಿ ಉಳಿಯುತ್ತಿದ್ದದ್ದು ಸರಸಮ್ಮ ಮತ್ತು ಏಸಿಯ ಸದ್ದು. ಎದುರು ಮನೆಗೆ ಯಾರೋ ಬಿಳಿ ಹೆಂಗಸು ಬಂದಿದ್ದಾಳೆ, ಒಂಟಿ, ಪಾತ್ರೆಗಿಂತ ಪೆಟ್ಟಿಗೆಗಳೇ ಜಾಸ್ತಿ ಎಂದು ಕೆಳಗಿನ ಬಕಾಲಾ ಎನ್ನುವ ದಿನಸಿ ಅಂಗಡಿಯ ಅಬ್ದುಲ್ ನಾಸಿರ್ ಮೊಸರು ಕೊಡಲು ಬಂದಾಗ ಹೇಳಿದ್ದ.

ಒಂದು ಮಧ್ಯಾಹ್ನ ಬಾಗಿಲ ಗಂಟೆ ಸದ್ದು ಮಾಡಿತು. ತೆರೆದರೆ ಆ ಹೆಂಗಸೇ. ಎತ್ತರದ ಆಳು. ಗಂಡಸರ ಹಾಗೆ ಕತ್ತರಿಸಿದ ಬೆಳ್ಳಿಕೂದಲು. ಬಿಸಿಲಿಗೆ ಮೂಗಿನ ತುದಿ ಸುಟ್ಟು ಕೆಂಪಾಗಿತ್ತು. ಎದೆಯ ಮೇಲೆ ಅಂಗೈ ಇಟ್ಟುಕೊಂಡು, “ಊಟೆ” ಎಂದಳು.

ಸರಸಮ್ಮ ಅವಳ ಮುಖ ನೋಡಿದರು.

“ಊಟೆ,” ಮತ್ತೊಮ್ಮೆ ಎದೆ ತಟ್ಟಿಕೊಂಡಳು.

ಸರಸಮ್ಮನಿಗೆ ಪಾಪ ಅನ್ನಿಸಿತು. ಯಾವ ದೇಶದ ಮಗಳೋ, ಎಲ್ಲಿಂದಲೋ ಕನ್ನಡದ ಒಂದೇ ಒಂದು ಮಾತು ಕಲಿತು ಬಂದಿದ್ದಾಳೆ, ಅದೂ ಬೇಕಾದ ಮಾತನ್ನೇ! “ಅಯ್ಯೋ ನಮ್ಮವ್ವ, ಹಸ್ಕಂಡಿದ್ದೀಯಾ? ಬಾ ಬಾ” ಎಂದು ಮಣಿಕಟ್ಟು ಹಿಡಿದು ಒಳಗೆ ಎಳೆದುಕೊಂಡರು. ಅವತ್ತು ಹುರುಳಿಕಾಳಿನ ಬಸ್ಸಾರು. ಅನ್ನ ಬಡಿಸಿ, ತುಪ್ಪ ಹಾಕಿ, ಹಪ್ಪಳ ಇಟ್ಟರು. ಹೆಂಗಸು ಮೊದಲು ಗಾಬರಿಯಾದಳು, ಆಮೇಲೆ ಉಂಡಳು. ತಟ್ಟೆ ಖಾಲಿಯಾದಾಗ ಸರಸಮ್ಮ “ಇನ್ನೂ ಊಟ?” ಎಂದರು. ಅವಳು ಸಂತೋಷದಿಂದ ಹೌದೌದು ಎಂದು ತಲೆಯಾಡಿಸಿದಳು. ಮತ್ತೆ ಬಡಿಸಿದರು. ಮತ್ತೆ ಕೇಳಿದರು. ಮತ್ತೆ ತಲೆಯಾಡಿಸಿದಳು. ಸೊಸೆಗೆಂದು ಎತ್ತಿಟ್ಟಿದ್ದ ಅನ್ನವೂ ಹೋಯಿತು.

ಸಂಜೆ ನಿಧಿ ಬಂದು ಎದುರು ಮನೆಯವಳ ಹತ್ತಿರ ಇಂಗ್ಲಿಷಿನಲ್ಲಿ ಮಾತಾಡಿದ ಮೇಲೆ ವಿಷಯ ತಿಳಿಯಿತು. ನಕ್ಕು ನಕ್ಕು ನಿಧಿ ಸೋಫಾದ ಮೇಲೆ ಬಿದ್ದುಕೊಂಡಳು. “ಅತ್ತೆ, ಅದು ಅವರ ಹೆಸರು! ಊಟೆ ಅಂತ. ಜರ್ಮನಿಯವರು. ಮನೇಲಿ ಫ್ಯೂಸ್ ಹೋಗಿತ್ತಂತೆ, ಯಾರನ್ನ ಕರೀಬೇಕು ಅಂತ ಕೇಳೋಕೆ ಬಂದಿದ್ರಂತೆ!”

“ಮತ್ತೆ ಮೂರು ಸಲ ಬಡಿಸ್ಕಂಡ್ಳಲ್ಲ?”

“ಹೆಸರು ಕರೆದ್ರೆ ಹ್ಞೂ ಅನ್ನಲ್ವಾ ಯಾರಾದ್ರೂ?”

ಸರಸಮ್ಮ ಖಾಲಿಯಾದ ಅನ್ನದ ಪಾತ್ರೆ ಎತ್ತಿಕೊಂಡರು. “ಆದ್ರೂ ಸರಿಯೇ ಆಯ್ತು ಬಿಡು. ಊಟ ಅಂತ ಹೆಸ್ರಿಟ್ಕಂಡೋರು ಹಸ್ಕಂಡಿರ್ಬಾರ್ದು.”

ಅಂದಿನಿಂದ ಅವಳು ಆ ಮನೆಗೆ ಊಟೆಮ್ಮ.

ಊಟೆಮ್ಮ ಹತ್ತಿರದ ಒಂದು ಶಾಲೆಯಲ್ಲಿ ಮಕ್ಕಳಿಗೆ ನಾಟಕ ಕಲಿಸುತ್ತಿದ್ದಳು. ಆದರೆ ಅವಳ ನಿಜವಾದ ಕಸುಬು ಅದಲ್ಲ ಎಂದು ನಿಧಿ ಹೇಳಿದಳು. “ಫಿಲ್ಮ್ ಡೈರೆಕ್ಟರ್ ಅತ್ತೆ ಅವರು. ಕಥೆನೂ ಅವರೇ ಬರೀತಾರೆ. ಇಂಡಿಪೆಂಡೆಂಟ್.”

“ಹಂಗಂದ್ರೆ?”

“ಯಾರೂ ದುಡ್ಡು ಕೊಡಲ್ಲ ಅಂತ.”

ಶಾಲೆ ಮುಗಿಸಿ ಬಂದವಳು ನೇರವಾಗಿ ಸರಸಮ್ಮನ ಅಡುಗೆಮನೆಗೆ ಬಂದು ಸ್ಟೂಲಿನ ಮೇಲೆ ಕೂರುವುದು ರೂಢಿಯಾಯಿತು. ಇವರು ಸೊಪ್ಪು ಬಿಡಿಸುತ್ತಾ ಕನ್ನಡದಲ್ಲಿ ಮಾತಾಡುವರು. ಅವಳು ಬೆಳ್ಳುಳ್ಳಿ ಸುಲಿಯುತ್ತಾ ಇಂಗ್ಲಿಷಿನಲ್ಲಿ ಮಾತಾಡುವಳು. ಇಬ್ಬರಿಗೂ ಅರ್ಧಕ್ಕಿಂತ ಕಡಿಮೆ ತಿಳಿಯುತ್ತಿತ್ತು. ಉಳಿದದ್ದನ್ನು ಸಂಜೆ ನಿಧಿ ಹೇಳುತ್ತಿದ್ದಳು, ನಿಧಿ ಇಲ್ಲದ ದಿನ ನಾಸಿರ್. ಹೀಗೆ ತುಂಡು ತುಂಡಾಗಿ ಕಿವಿಗೆ ಬಿದ್ದದ್ದನ್ನು ಸರಸಮ್ಮ ಕೌದಿ ಹೊಲಿದ ಹಾಗೆ ಮನಸ್ಸಿನಲ್ಲಿ ಜೋಡಿಸಿಟ್ಟುಕೊಂಡರು.

ಊಟೆಮ್ಮ ಹುಟ್ಟಿದ್ದು ಒಂದು ಹೊಳೆಯ ದಡದ ಊರಿನಲ್ಲಿ. ಹೊಳೆಯ ಆಚೆ ದಡ ಬೇರೆ ದೇಶ. ಆಗ ಜರ್ಮನಿಯೇ ಎರಡು ಭಾಗವಾಗಿತ್ತು, ಇವಳದು ಪೂರ್ವದ ಭಾಗ. ಅಪ್ಪ ಬೀದಿಯಲ್ಲಿ ಓಡುವ ಟ್ರಾಮ್ ಗಾಡಿ ಓಡಿಸುತ್ತಿದ್ದ. ಅಮ್ಮ ಸಮವಸ್ತ್ರ ಹೊಲಿಯುವ ಕಾರ್ಖಾನೆಯಲ್ಲಿ ಗುಂಡಿ ಹಾಕುತ್ತಿದ್ದಳು. ಪ್ರಾಯಕ್ಕೆ ಬಂದ ಮೇಲೆ ಊಟೆಮ್ಮನಿಗೆ ಸರ್ಕಾರದ ಸಿನಿಮಾ ಸ್ಟುಡಿಯೋದಲ್ಲಿ ಕೆಲಸ ಸಿಕ್ಕಿತು. ನಟರ ಬಟ್ಟೆಗೆ ಇಸ್ತ್ರಿ ಹಾಕುವ ಕೆಲಸ. ರಾಜನ ಕೋಟಿಗೂ ಒಂದೇ ಇಸ್ತ್ರಿ ಪೆಟ್ಟಿಗೆ, ಭಿಕ್ಷುಕನ ಅಂಗಿಗೂ ಒಂದೇ ಪೆಟ್ಟಿಗೆ. ಭಿಕ್ಷುಕನ ಅಂಗಿಯನ್ನು ಮೊದಲು ನೀಟಾಗಿ ಇಸ್ತ್ರಿ ಮಾಡಿ ಆಮೇಲೆ ಬೇಕಾದ ಕಡೆ ಮಾತ್ರ ಮುದುರಬೇಕಂತೆ. ಈ ಮಾತು ಸರಸಮ್ಮನಿಗೆ ಬಹಳ ಇಷ್ಟವಾಯಿತು.

ಪ್ರತಿ ಬಟ್ಟೆಗಂಟಿಗೂ ಅದು ಯಾವ ದೃಶ್ಯದ್ದು ಎಂದು ತಿಳಿಯಲು ಕಥೆಯ ಒಂದು ಹಾಳೆ ಚುಚ್ಚಿರುತ್ತಿದ್ದರು. ಇಸ್ತ್ರಿ ಮಾಡುತ್ತಾ ಊಟೆಮ್ಮ ಅದನ್ನು ಓದುತ್ತಿದ್ದಳು. ಮೊದಲು ಸಾವಿನ ಹಾಳೆ ಬರುತ್ತಿತ್ತು, ಆಮೇಲೆ ಮದುವೆಯದು, ಅದಾದ ಮೇಲೆ ನಡುವಿನ ಯಾವುದೋ ಜಗಳ. ನಡುವೆ ಏನಾಗಿರಬಹುದು ಎಂದು ತಾನೇ ಊಹಿಸಿಕೊಳ್ಳುತ್ತಾ ಊಹಿಸಿಕೊಳ್ಳುತ್ತಾ ಕಥೆ ಕಟ್ಟುವುದನ್ನು ಕಲಿತಳು. ಸ್ಟುಡಿಯೋದವರೇ ಅವಳನ್ನು ಸಿನಿಮಾ ಓದಲು ಕಳಿಸಿದರು. ಓದು ಮುಗಿಯುವುದಕ್ಕೂ ಎರಡು ಜರ್ಮನಿ ಒಂದಾಗುವುದಕ್ಕೂ ಸರಿಹೋಯಿತು. ದೇಶ ಒಂದಾಯಿತು, ಸ್ಟುಡಿಯೋ ಗೇಟಿಗೆ ಬೀಗ ಬಿತ್ತು.

ಅವಳ ಮೊದಲ ಸಿನಿಮಾ ಆ ಇಸ್ತ್ರಿ ಹೆಂಗಸರದ್ದೇ. ಕೆಲಸ ಕಳೆದುಕೊಂಡಿದ್ದ ಅದೇ ಹೆಂಗಸರು, ಕಾವಲುಗಾರನನ್ನು ಒಪ್ಪಿಸಿ, ಭಾನುವಾರ ಭಾನುವಾರ ಅದೇ ಇಸ್ತ್ರಿ ಕೋಣೆಯಲ್ಲಿ ಕೂಡಿ ತೆಗೆದದ್ದು. ಕ್ಯಾಮೆರಾ ಹಿಡಿದವನು ಹೋರ್ಸ್ಟ್. ಸಿನಿಮಾ ಮುಗಿಯುವ ಹೊತ್ತಿಗೆ ಅವನೂ ಇವಳೂ ಮದುವೆಯಾಗಿದ್ದರು. ಊರಿನ ಹಳೇ ಟಾಕೀಸಿನಲ್ಲಿ ತೋರಿಸಿದಾಗ ಅವಳಮ್ಮ ಮುಂದಿನ ಸಾಲಿನಲ್ಲಿ ಕೂತು ನೋಡಿ, “ಎಲ್ಲಾ ಚೆನ್ನಾಗಿದೆ, ಆ ದಪ್ಪನೆಯವಳ ಗುಂಡಿ ಮಾತ್ರ ನೆಟ್ಟಗಿಲ್ಲ” ಅಂದಳಂತೆ.

ಎರಡನೆಯದು ಗಂಡನನ್ನು ಬಿಟ್ಟು ಹಿಮದಲ್ಲಿ ನಡೆದುಹೋಗುವ ಹೆಂಗಸಿನ ಕಥೆ. ಟೀವಿ ಕಂಪನಿಯೊಂದು ಅದನ್ನು ಕೊಳ್ಳಲು ಬಂತು. ಕೊನೆಯಲ್ಲಿ ಅವಳು ಗಂಡನ ಮನೆಗೆ ವಾಪಸ್ಸು ಬರುವ ಹಾಗೆ ಬದಲಾಯಿಸಿ ಅಂದರು. ಊಟೆಮ್ಮ ಆಗುವುದಿಲ್ಲ ಅಂದಳು. ಒಂದು ವಾಕ್ಯ ಬದಲಾಯಿಸಿ ಸಾಕು ಅಂದರು. ಕಾಗದ ಎತ್ತಿಕೊಂಡು ಎದ್ದು ಬಂದಳು. ಹಿಮ ಬಿದ್ದಾಗ ತೆಗೆಯುವುದು, ಕರಗಿದಾಗ ನಿಲ್ಲಿಸುವುದು, ಹೀಗೆ ನಾಲ್ಕು ಚಳಿಗಾಲ ಹಿಡಿದು ತಾವೇ ತೆಗೆದರು. ನಡುವೆ ನಟಿ ಬಸುರಿಯಾದಳು. ಊಟೆಮ್ಮ ಕಥೆಯಲ್ಲೂ ಅವಳನ್ನು ಬಸುರಿ ಮಾಡಿದಳು. ಕೊನೆ ಮಾತ್ರ ಬರೆದದ್ದೇ ಉಳಿಯಿತು. ಬರೆದ ಕೊನೆಯನ್ನು ಬದಲಾಯಿಸುವವಳಲ್ಲ ಎಂದು ಅವಳ ಹೆಸರು ಆ ವಲಯದಲ್ಲಿ ಆಗಲೇ ಹರಡಿತ್ತು. ಅದಕ್ಕೇ ದುಡ್ಡು ಹಾಕುವವರು ಯಾರೂ ಬರಲಿಲ್ಲ.

“ಮೂರನೆಯದನ್ನ ನೋಡಿದೋರು ಮೂರೇ ಜನ,” ಎಂದು ಊಟೆಮ್ಮ ಬೆರಳು ಮಡಚಿ ತೋರಿಸಿದಳು. “ನಾನು, ಹೋರ್ಸ್ಟ್, ಟಿಕೆಟ್ ಹರಿಯುವವನು.” ನಿಧಿ ಇದನ್ನು ಹೇಳುವಾಗ ಅಡುಗೆಮನೆಯಲ್ಲಿ ಮೂವರೂ ನಕ್ಕರು. ನಾಲ್ಕನೆಯದಕ್ಕೆ ಒಂದು ಬಹುಮಾನ ಬಂತು. ಗಾಜಿನ ಹಕ್ಕಿ, ಒಳ್ಳೇ ಗುಂಡುಕಲ್ಲಿನಷ್ಟು ಭಾರ. ಸಲ್ವಾದ ಮನೆಯಲ್ಲಿ ಅದು ಗಾಳಿಗೆ ಬಾಗಿಲು ಬಡಿಯದ ಹಾಗೆ ಒತ್ತಿಕೊಂಡು ಕೂತಿತ್ತು.

ಆ ಸಿನಿಮಾ ಆದ ಮೇಲೆ ಹೋರ್ಸ್ಟ್ ಸತ್ತುಹೋದ. ಏನು ನೋಡಬೇಕು ಎಂದು ಹೇಳುವುದಷ್ಟೇ ಇವಳ ಕೆಲಸವಾಗಿತ್ತು, ನೋಡುತ್ತಿದ್ದದ್ದು ಅವನು. ಅವನಿಲ್ಲದೆ ಅವಳು ಕ್ಯಾಮೆರಾ ಪೆಟ್ಟಿಗೆಯನ್ನೇ ತೆರೆಯಲಿಲ್ಲ. ಮನೆಯ ಗೋಡೆಗಳು ಮೈಮೇಲೆ ಬರುವಂತಾದಾಗ ಯಾರೋ ಹೇಳಿದ ಕೆಲಸ ಒಪ್ಪಿಕೊಂಡು ಕುವೈತಿಗೆ ಬಂದಳು. ಈ ಸಂಗತಿ ಕೇಳಿದ ಸಂಜೆ ಸರಸಮ್ಮ ಅವಳ ಬಟ್ಟಲಿಗೆ ಇನ್ನೊಂದು ಸೌಟು ಮೊಸರು ಹಾಕಿದರು.

ಕ್ಯಾಮೆರಾ ಪೆಟ್ಟಿಗೆ ತೆರೆದದ್ದು ಇಲ್ಲಿಯೇ. ಬೇರೆ ದೇಶಗಳಿಂದ ಬಂದು ಇಲ್ಲಿ ಒಲೆ ಹಚ್ಚುವ ಮೂವರು ಹೆಂಗಸರು, ಅವರವರ ಅಡುಗೆಮನೆ, ಹೊರಗಿನ ಬೀದಿ ಎಲ್ಲೂ ಕಾಣುವುದಿಲ್ಲ. ಇದು ಅವಳ ಐದನೇ ಸಿನಿಮಾ. ಶುಕ್ರವಾರದ ರಜೆಗಳಲ್ಲಿ ತಾನೇ ಕ್ಯಾಮೆರಾ ಹಿಡಿದು ತೆಗೆಯತೊಡಗಿದಳು. ಧ್ವನಿ ಹಿಡಿಯಲು ನಾಸಿರ್ ಸಿಕ್ಕಿದ. ನೆಲ ಒರೆಸುವ ಕೋಲಿನ ತುದಿಗೆ ಮೈಕು ಕಟ್ಟಿ ಅವನ ಕೈಗೆ ಕೊಟ್ಟಳು. ಅಂಗಡಿಯನ್ನು ಅಣ್ಣನ ಮಗನಿಗೆ ಬಿಟ್ಟು ನಮಾಜು ಮುಗಿಸಿ ಬಂದು, ಅವನು ಕೋಲು ಹಿಡಿದು ನಿಲ್ಲುತ್ತಿದ್ದ. “ಉಳ್ಳಾಲದಲ್ಲಿ ನಮ್ಮ ಅಜ್ಜ ದೋಣಿಯ ಕೋಲು ಹಿಡಿದದ್ದು, ನಾನು ಇಲ್ಲಿ ಇದು,” ಎನ್ನುತ್ತಿದ್ದ. ಮೈಕಿಗೆ ಏಸಿಯ ಗೊರಗೊರ ಆಗುವುದಿಲ್ಲ, ಫ್ರಿಜ್ಜಿನದೂ ಆಗುವುದಿಲ್ಲ. ಅವೆರಡನ್ನೂ ಆರಿಸಿ, ಕುವೈತಿನ ಆ ಬೇಸಿಗೆಯಲ್ಲಿ ಎಲ್ಲರೂ ಬೆಂದು ಇಳಿಯುವ ಮೊದಲು ದೃಶ್ಯ ತೆಗೆದು ಮತ್ತೆ ಹಚ್ಚಬೇಕು.

ಇಬ್ಬರು ಹೆಂಗಸರ ಭಾಗ ಹೀಗೆಯೇ ಮುಗಿಯಿತು. ಮೂರನೆಯವಳು ಸಿಸಿಲಿಯಾ, ಒಂದು ಮನೆಯಲ್ಲಿ ಮಕ್ಕಳನ್ನು ನೋಡಿಕೊಳ್ಳುತ್ತಿದ್ದವಳು. ಅವಳದು ಅರ್ಧವಾಗಿತ್ತು. ಆಗ ಅವಳನ್ನು ಕೆಲಸಕ್ಕೆ ಕರೆಸಿಕೊಂಡಿದ್ದ ಕಫೀಲ್ ಮನೆಯವರು ಮಕ್ಕಳು ದೊಡ್ಡವರಾದರು, ಇನ್ನು ಸಾಕು ಅಂದರು. ಸಿಸಿಲಿಯಾ ಕಾರ್ಕಳಕ್ಕೆ ಹೋಗಿಯೇಬಿಟ್ಟಳು. ಅದೇ ಹೊತ್ತಿಗೆ ಶಾಲೆಯವರೂ ಊಟೆಮ್ಮನಿಗೆ ಈ ವರ್ಷಕ್ಕೆ ಮುಗಿಯಿತು ಎಂದು ತಿಳಿಸಿದರು. ಕೆಲಸ ಮುಗಿದರೆ ಇಕಾಮಾ ಮುಗಿಯಿತು. ಇಕಾಮಾ ಮುಗಿದರೆ ಈ ದೇಶದಲ್ಲಿ ಇರುವ ಹಾಗಿಲ್ಲ.

ಊಟೆಮ್ಮ ಸ್ಟೂಲಿನ ಮೇಲೆ ಕೂತು, ಸುಲಿದ ಬೆಳ್ಳುಳ್ಳಿಯನ್ನೇ ಮತ್ತೆ ಮತ್ತೆ ಮುಟ್ಟಿ ನೋಡುತ್ತಾ ನಿಧಿಯ ಹತ್ತಿರ ನಿಧಾನವಾಗಿ ಏನೋ ಹೇಳಿದಳು.

“ಏನಂತೆ?” ಎಂದರು ಸರಸಮ್ಮ.

“ಮೂರನೇ ಹೆಂಗಸಿನ ಭಾಗ ಹೊಸದಾಗಿ ತೆಗೀಬೇಕಂತೆ. ನೀವು ಮಾಡ್ತೀರಾ ಅಂತ ಕೇಳ್ತಿದಾರೆ. ಅತ್ತೆ, ಇನ್ನೊಂದು ಮಾತೂ ಹೇಳಿದ್ರು. ಇದು ಮುಗೀದೇ ಹೋದ್ರೆ ಇನ್ನು ಸಿನಿಮಾನೇ ಬೇಡ ಅಂತೆ. ಕ್ಯಾಮೆರಾ ಮಾರಿ ಊರಿಗೆ ಹೋಗಿ ಸುಮ್ನೆ ಇದ್ದುಬಿಡ್ತಾರಂತೆ. ಹೋರ್ಸ್ಟ್ ಇಲ್ದೆ ನಂಗಾಗಲ್ಲ ಅಂತ ಮೊದಲೇ ಒಪ್ಕೋಬೇಕಿತ್ತು ಅಂತಾರೆ.”

ಮನೀಷ್ ಊಟದ ಮೇಜಿನಿಂದ, “ಅಮ್ಮ, ಹೊರಗಡೆ ಗಿರಗಡೆ ಶೂಟಿಂಗ್ ಅಂತ ಹೋಗ್ಬೇಡ ಮತ್ತೆ, ಪರ್ಮಿಷನ್ನು ಅದು ಇದು” ಎಂದ.

“ನಾನು ನಮ್ಮನೆ ಅಡುಗೆಮನೆ ಬಿಟ್ಟು ಎಲ್ಲೋಗ್ಲಪ್ಪ?” ಎಂದರು ಸರಸಮ್ಮ. ಊಟೆಮ್ಮನ ಕಡೆ ತಿರುಗಿ ತಲೆ ಆಡಿಸಿದರು. ಊಟೆಮ್ಮ ಎದ್ದು ಬಂದು ಅವರ ಎರಡೂ ಕೈಗಳನ್ನು ಹಿಡಿದುಕೊಂಡಳು. ಬೆಳ್ಳುಳ್ಳಿ ವಾಸನೆ ಇಬ್ಬರ ಕೈಗೂ ಹತ್ತಿತು.

ಮೂರ್ನಾಲ್ಕು ಶುಕ್ರವಾರ ಸುಲಭದ ಕೆಲಸಗಳಾದವು. ಸರಸಮ್ಮ ಮುದ್ದೆ ಕಟ್ಟುವುದು, ಕಿಟಕಿಯ ಧೂಳು ಒರೆಸುವುದು, ಫೋನಿನಲ್ಲಿ ತಂಗಿಯ ಹತ್ತಿರ ಮಾತಾಡುವುದು. ಆಗೆಲ್ಲ ನಿಧಿ ಪಕ್ಕದಲ್ಲಿ ನಿಂತು “ಹ್ಞಾ ಅತ್ತೆ, ಶುರು” ಎಂದು ಕೈ ತೋರಿಸುತ್ತಿದ್ದಳು. ಕ್ಯಾಮೆರಾದ ಹಿಂದಿನಿಂದ ಊಟೆಮ್ಮ ಮೆಲ್ಲಗೆ ಏನನ್ನುತ್ತಾಳೋ ಸರಸಮ್ಮನ ಕಿವಿಗೆ ಬೀಳುತ್ತಿರಲಿಲ್ಲ. ಕೊನೆಗೆ ಉಳಿದದ್ದು ಸಿನಿಮಾದ ಕಟ್ಟಕಡೆಯ ದೃಶ್ಯ. ಊಟೆಮ್ಮ ಅದನ್ನು ಬರೆದು ಬಹಳ ಕಾಲವಾಗಿತ್ತು. ಮೂರನೇ ಹೆಂಗಸು ಮೊರದಲ್ಲಿ ಅಕ್ಕಿ ಆರಿಸುತ್ತಿರುತ್ತಾಳೆ. ಮೊರ ಪಕ್ಕಕ್ಕಿಟ್ಟು ಏಳುತ್ತಾಳೆ. ದೀಪ ಆರಿಸಿ, ಒಂದು ಮಾತೂ ಆಡದೆ ಹೊರಗೆ ಹೋಗುತ್ತಾಳೆ. ಕತ್ತಲೆ. ಅಷ್ಟೇ.

ಆ ಶುಕ್ರವಾರ ನಿಧಿಗೆ ಆಸ್ಪತ್ರೆಯಿಂದ ಕರೆ ಬಂತು, ಅವಳು ಓಡಿದಳು. ಮನೀಷನಿಗೆ ಪಾಳಿ. ಅಡುಗೆಮನೆಯಲ್ಲಿ ಉಳಿದವರು ಮೂವರೇ. ಕ್ಯಾಮೆರಾದ ಹಿಂದೆ ಊಟೆಮ್ಮ, ಕೋಲು ಹಿಡಿದ ನಾಸಿರ್, ಮೊರದ ಮುಂದೆ ಸರಸಮ್ಮ. ಏಸಿ ಆರಿಸಿದರು, ಫ್ರಿಜ್ಜು ಆರಿಸಿದರು. ಇನ್ನೇನು ಎನ್ನುವಾಗ ಮೂರನೇ ಮಹಡಿಯವರ ಕುಕ್ಕರು ಕೂಗಿತು. ಏಸಿ ಹಚ್ಚಿ ಕಾದರು. ಮತ್ತೆ ಆರಿಸಿದರು. ಆಗ ಮಸೀದಿಯಿಂದ ಬಾಂಗ್ ಶುರುವಾಯಿತು. ನಾಸಿರ್ ಕೋಲನ್ನು ಗೋಡೆಗೆ ಒರಗಿಸಿ ತಲೆ ತಗ್ಗಿಸಿ ನಿಂತ. ಅದು ಮುಗಿದ ಮೇಲೆ ಪಕ್ಕದ ಕೋಣೆಗೆ ಹೋಗಿ ನಮಾಜು ಮಾಡಿ ಬಂದ. ಅಷ್ಟರಲ್ಲಿ ಊಟೆಮ್ಮನ ಬೆನ್ನಿನ ಅಂಗಿ ಒದ್ದೆಯಾಗಿತ್ತು. ಕಿಟಕಿಯ ಬೆಳಕು ಇಳಿಯುತ್ತಿತ್ತು. ಅವಳು ಹಣೆ ಒರೆಸಿಕೊಂಡು, ಉಸಿರು ಬಿಟ್ಟು, ಕ್ಯಾಮೆರಾದ ಹಿಂದೆ ಮುಖ ಮರೆಸಿಕೊಂಡಳು. ಮೆತ್ತಗೆ ಹೇಳಿದಳು:

“ಬಿಟ್ಟೆ.”

ಅಕ್ಕಿಯ ಮೇಲಿದ್ದ ಸರಸಮ್ಮನ ಬೆರಳು ನಿಂತಿತು.

“ಬಿಟ್ಟೆ, ಸರಸಮ್ಮ,” ಎಂದಳು ಊಟೆಮ್ಮ. ಇನ್ನೂ ಮೆತ್ತಗೆ, “ಬಿಟ್ಟೆ.”

ಸರಸಮ್ಮ ಅವಳ ಕಡೆ ತಿರುಗಿದರು. ಇಷ್ಟು ದಿನ ಒಂದು ಕನ್ನಡ ಮಾತು ಬಾರದವಳು ಈಗ ಕನ್ನಡದಲ್ಲೇ, ತನ್ನ ಹೆಸರು ಹಿಡಿದು ಹೇಳುತ್ತಿದ್ದಾಳೆ. ಬಿಟ್ಟೆ, ಸರಸಮ್ಮ. ಇನ್ನು ಆಗುವುದಿಲ್ಲ ನನ್ನ ಕೈಲಿ. ಯಾರಿಂದಲೋ ಕೇಳಿ ಕಲಿತಿರಬೇಕು, ತನಗೆ ಅರ್ಥವಾಗಲಿ ಎಂದೇ ಕಲಿತಿರಬೇಕು.

ಮೊರವನ್ನು ಪಕ್ಕಕ್ಕೆ ತಳ್ಳಿದರು. ಅಕ್ಕಿ ನೆಲಕ್ಕೆ ಚೆಲ್ಲಿತು. ಮಂಡಿ ಹಿಡಿದುಕೊಂಡು ಎದ್ದು ನೇರವಾಗಿ ಕ್ಯಾಮೆರಾದ ಕಡೆಗೆ ನಡೆದರು.

“ಏನಂದೆ? ಬಿಟ್ಟೆಯಾ? ಏನ್ ಬಿಟ್ಟೆ? ಇಷ್ಟು ದಿನ ಈ ನಾಸಿರನ ಕೈಲಿ ಕೋಲು ಹಿಡಿಸಿ, ಏಸಿ ಆರ್ಸಿ ಆರ್ಸಿ ಎಲ್ಲಾರ್ನೂ ಬೇಯ್ಸಿ, ಒಂದು ಗೇಣು ಉಳಿದೈತೆ ಅನ್ನೋವಾಗ ಬಿಟ್ಟೆ ಅಂತೀಯಲ್ಲ, ಬಾಯಾದ್ರೂ ಹೆಂಗೆ ಬತ್ತದೆ ನಿಂಗೆ?”

ಊಟೆಮ್ಮ ಕ್ಯಾಮೆರಾದಿಂದ ತಲೆ ಎತ್ತಲಿಲ್ಲ. ನಾಸಿರ್ ಏನೋ ಹೇಳಲು ಬಾಯಿ ತೆರೆದ. “ನೀ ಸುಮ್ಕಿರಪ್ಪ” ಎಂದು ಸರಸಮ್ಮ ಅವನ ಬಾಯಿ ಮುಚ್ಚಿಸಿದರು.

“ಕೇಳಿಲ್ಲಿ ಊಟೆಮ್ಮ. ನಿನ್ ಗಂಡ ಹೋದ, ಸರಿ. ನಮ್ಮೆಜಮಾನ್ರು ಹೋಗ್ಲಿಲ್ವಾ? ಶ್ರೀರಂಗಪಟ್ಣದಲ್ಲಿ ಸೈಕಲ್ ಶಾಪು ನಮ್ದು. ಎಲ್ಲಾರೂ ಬೀಗ ಹಾಕು ಅಂದ್ರು. ನಮ್ಮಣ್ಣನೂ ಅದೇ ಅಂದ. ನಾನು ಪಂಚರ್ ಹಾಕೋದು ಕಲ್ತೆ ಕಣವ್ವ. ಬೋಗುಣೀಲಿ ನೀರಿಟ್ಕಂಡು, ಟ್ಯೂಬ್ ಮುಳುಗ್ಸಿ ಕೂತಿದ್ರೆ ಬೀದಿ ಗಂಡಸ್ರೆಲ್ಲ ನಿಂತು ನೋಡಿ ನಗೋರು. ನಾನು ಗುಳ್ಳೆ ಎಲ್ಲೇಳ್ತದೆ ಅಂತ ನೀರು ನೋಡ್ತಿದ್ದೆ, ಅವ್ರು ನನ್ನ ನೋಡ್ತಿದ್ರು. ನೋಡ್ಕಳ್ಳಿ, ನನ್ ಗಂಟೇನೋಯ್ತು? ಗುಳ್ಳೆ ಎದ್ದ ಕಡೆ ಉಜ್ಜಿ ತುಂಡು ಅಂಟಿಸ್ದೆ. ಗಾಳಿ ಎಲ್ಲಿ ಹೋಯ್ತದೆ ಅಂತ ಹುಡುಕ್ಬೇಕೇ ಹೊರ್ತು ಟ್ಯೂಬ್ನೇ ತಗೊಂಡೋಗಿ ತಿಪ್ಪೆಗ್ ಎಸೀತಾರಾ?”

ಈಗ ಅವರ ಮುಖ ಕ್ಯಾಮೆರಾಗೆ ತೀರಾ ಹತ್ತಿರವಿತ್ತು. ಬೆವರು ಕಿವಿಯ ಓಲೆಯವರೆಗೆ ಇಳಿದಿತ್ತು. ಕೈ ಚಾಚಿ ಕ್ಯಾಮೆರಾದ ಆಚೆ ಇದ್ದ ಊಟೆಮ್ಮನ ಬೆಳ್ಳಿಕೂದಲನ್ನು ಸವರಿದರು. “ಬಿಡ್ಬೇಡ ಕಣವ್ವ. ನಿನ್ ದಮ್ಮಯ್ಯ.”

ನಾಸಿರನ ಕೋಲು ಯಾವಾಗಲೋ ಇಳಿದು ಮೈಕು ಸರಸಮ್ಮನ ಕಿವಿಯ ಪಕ್ಕದಲ್ಲಿ ನೇತಾಡುತ್ತಿತ್ತು. ಅವನು ತೋಳಿನಿಂದ ಕಣ್ಣು ಒರೆಸಿಕೊಂಡ. ಆಮೇಲೆ ಹೇಳಿದ: “ಅಮ್ಮಾ, ಅವರು ಬಿಟ್ಟದ್ದಲ್ಲ ಮಾರಾಯ್ರೆ. ಬಿಟ್ಟೆ ಅಂದ್ರೆ ಸ್ಟಾರ್ಟ್ ಅಂತ. ನಾವು ಬಸ್ಸು ಬಿಟ್ಟ, ಬಸ್ಸು ಬಿಟ್ಟ ಅಂತ ಹೇಳ್ತೇವಲ್ಲ, ಹಾಗೆ. ನಾನು ಶುರುವಿಂದಲೇ ಕೇಳ್ತಾ ಇದ್ದೇನೆ. ಅವರು ಬಿಟ್ಟೆ ಹೇಳಿದ್ದು, ನಾನು ಕೋಲು ಎತ್ತಿದ್ದು.”

ಊಟೆಮ್ಮ ಈಗ ತಲೆ ಎತ್ತಿದಳು. ಕಣ್ಣು ಕೆಂಪಾಗಿತ್ತು. ಏನಾಯಿತು ಎಂದು ಕೇಳಿದಳು. ನಾಸಿರ್ ತನ್ನ ಇಂಗ್ಲಿಷಿನಲ್ಲಿ ಹೇಳಿದ. ಅವಳು ಎರಡು ಕೈಗಳಿಂದ ಬಾಯಿ ಮುಚ್ಚಿಕೊಂಡಳು. ಬಿಟ್ಟೆ ಎನ್ನುವುದು ಅವಳ ಭಾಷೆಯ ಮಾತು. ಹೋರ್ಸ್ಟ್‌ಗೆ ಅವಳು ಯಾವತ್ತೂ ಜೋರಾಗಿ ಆಜ್ಞೆ ಕೊಟ್ಟವಳಲ್ಲ, ಹಾಗೆ ಕೂಗಿದರೆ ನಟರು ಹೆದರುತ್ತಾರೆ ಎಂದು. ಬಿಟ್ಟೆ ಅನ್ನುವಳು, ಅವನು ಕ್ಯಾಮೆರಾ ಓಡಿಸುವನು. ಆ ಅಭ್ಯಾಸವೇ ಉಳಿದುಬಂದಿತ್ತು.

“ಹಾಗಾದ್ರೆ ಅರ್ಥ ಎಂತ ಅದಕ್ಕೆ?” ಎಂದ ನಾಸಿರ್. ಅವಳು ಹೇಳಿದ್ದು ಕೇಳಿ ಅವನು ಕೋಲನ್ನೇ ನೆಲಕ್ಕೆ ಬಿಟ್ಟ. “ಖಲಾಸ್! ಅಮ್ಮಾ, ಬಿಟ್ಟೆ ಅಂದ್ರೆ ದಯವಿಟ್ಟು ಅಂತೆ! ಬಸ್ಸೂ ಇಲ್ಲ, ಎಂತದೂ ಇಲ್ಲ.”

ಸರಸಮ್ಮ ನೆಲದ ಮೇಲೆ ಚೆಲ್ಲಿದ ಅಕ್ಕಿ ನೋಡಿದರು, ಊಟೆಮ್ಮನನ್ನು ನೋಡಿದರು. “ಅಯ್ಯೋ, ದಯವಿಟ್ಟು ಅಂದೋಳ್ನ ಹಿಡ್ಕಂಡು ಬೈದ್ನಲ್ಲ ನಾನು!” ಎಂದು ಸೆರಗಿನಲ್ಲಿ ಮುಖ ಮುಚ್ಚಿಕೊಂಡು ನಗಲು ಶುರು ಮಾಡಿದವರು ನಿಲ್ಲಿಸಲಿಲ್ಲ. ಏಸಿ ಹಚ್ಚುವುದನ್ನೂ ಯಾರೂ ನೆನೆಯಲಿಲ್ಲ.

ಮುಂದಿನ ಶುಕ್ರವಾರ ಅದೇ ದೃಶ್ಯವನ್ನು ಮತ್ತೆ ತೆಗೆದರು. ಸರಸಮ್ಮ ಇಸ್ತ್ರಿ ಸೀರೆ ಉಟ್ಟು ಕೂತರು. ಬಿಟ್ಟೆ ಅಂದಾಗ ಅಕ್ಕಿ ಆರಿಸಿದರು, ಮೊರ ಇಟ್ಟರು, ಎದ್ದರು, ದೀಪ ಆರಿಸಿದರು, ಮಾತಾಡದೆ ಹೋದರು. ಬರೆದದ್ದು ಬರೆದ ಹಾಗೆ. ಊಟೆಮ್ಮ ಅವರ ಕೆನ್ನೆಗೆ ಮುತ್ತು ಕೊಟ್ಟಳು. ಸಿನಿಮಾ ಮುಗಿಯಿತು ಎಂದು ನಾಸಿರ್ ಅಂಗಡಿಯಿಂದ ಎಲ್ಲರಿಗೂ ಲಬನ್ ಮಜ್ಜಿಗೆ ತಂದು ಕುಡಿಸಿದ.

ಆದರೆ ಊಟೆಮ್ಮ ಮುಗಿದವಳ ಹಾಗೆ ಕಾಣಲಿಲ್ಲ. ಕಂಪ್ಯೂಟರಿನ ಮುಂದೆ ಕೂತರೆ ಏಳಳು. ಶಾಲೆಗೆ ರಜೆ ಬಿದ್ದಿತ್ತು. ಊರಿಗೆ ಹೋಗುವ ಟಿಕೆಟ್ಟು ಆಗಿತ್ತು. ಅಡುಗೆಮನೆಗೆ ಬಂದರೂ ಬೆಳ್ಳುಳ್ಳಿ ಮುಟ್ಟದೆ ಗೋಡೆ ನೋಡುತ್ತಾ ಕೂರುವಳು. ಒಂದು ಸಂಜೆ ಕಂಪ್ಯೂಟರನ್ನೇ ಎತ್ತಿಕೊಂಡು ಬಂದು ಸರಸಮ್ಮನ ಊಟದ ಮೇಜಿನ ಮೇಲಿಟ್ಟಳು. ಎರಡು ಕೊನೆಗಳನ್ನೂ ಒಂದಾದ ಮೇಲೊಂದು ತೋರಿಸಿದಳು. ಬರೆದದ್ದು ಒಂದು, ಬೈದದ್ದು ಇನ್ನೊಂದು. ಯಾವುದು ಇರಲಿ ಎಂದು ನಿಧಿಯ ಬಾಯಿಂದ ಕೇಳಿಸಿದಳು.

“ಇದೇನು ಕೇಳೋದು? ಇದ್ರಲ್ಲಿ ಸೆರಗು ನೆಟ್ಟಗೈತೆ, ಸೀರೆನೂ ಚೆಂದಾಗೈತೆ,” ಎಂದರು ಸರಸಮ್ಮ. “ಅದ್ರಲ್ಲಿ ಮುಖ ಮಂಜು ಮಂಜು, ಪಕ್ಕದಲ್ಲಿ ನೆಲ ಒರ್ಸೋ ಕೋಲು! ಅಕ್ಕಿ ಬೇರೆ ಚೆಲ್ಲಿದ್ದೀನಿ. ನೋಡ್ದೋರು ಎಂಥಾ ಹೆಂಗಸು ಅಂದ್ಕಳಲ್ವ?”

ನಿಧಿ ಇದನ್ನು ಹೇಳಿದಾಗ ಊಟೆಮ್ಮ ನಕ್ಕಳು. ಆಮೇಲೆ ಬಹಳ ಹೊತ್ತು ಮಾತಾಡಿದಳು. ನಿಧಿ ನಡುನಡುವೆ ತಡವರಿಸಿ ಹೇಳಿದಳು. “ಜೀವನದಲ್ಲಿ ಒಂದು ಸಲಾನೂ ಕೊನೆ ಬದಲಾಯಿಸಿಲ್ಲ ನಾನು, ಅದರಿಂದ ಏನೇನೋ ಕಳ್ಕೊಂಡೆ ಅಂತಾರೆ. ಆದ್ರೆ ಈ ದೀಪ ಆರಿಸೋ ಕೊನೇನ ಬರೆದದ್ದು ಹೋರ್ಸ್ಟ್ ಹೋದ ವರ್ಷ ಅಂತೆ, ಅಕ್ಕಿ ಮೊರ ಎಲ್ಲ ಇಲ್ಲಿಗೆ ಬಂದ್ಮೇಲೆ ಸೇರಿದ್ದು. ದೀಪ ಆರಿಸಿ ಹೋಗೋಳು ಸಿಸಿಲಿಯಾನೂ ಅಲ್ಲ, ನೀವೂ ಅಲ್ಲ ಅತ್ತೆ. ಅವರೇ ಅಂತೆ. ಕ್ಯಾಮೆರಾ ಮಾರಿ ಸುಮ್ನೆ ಇರ್ತೀನಿ ಅಂದ್ರಲ್ಲ, ಅದನ್ನೇ ಬರೆದಿಟ್ಟಿದ್ರಂತೆ. ಈಗ ಅದನ್ನ ನೋಡಿದ್ರೆ ಸುಳ್ಳು ಅನ್ಸುತ್ತಂತೆ.”

ಊಟೆಮ್ಮ ಬೆರಳಿನಿಂದ ಕೀಲಿ ಒತ್ತಿದಳು. ದೀಪ ಆರಿದ ಕೊನೆ ಹೋಯಿತು. ಮಂಜು ಮುಖದ್ದು ಉಳಿಯಿತು.

“ಹಠಮಾರಿ,” ಎಂದರು ಸರಸಮ್ಮ. ಆದರೆ ಅವಳಿಗೆ ಕಾಣದ ಹಾಗೆ ಕಣ್ಣು ಒರೆಸಿಕೊಂಡರು.

ಇನ್ನು ಉಳಿದದ್ದು ಪರದೆಯ ಅಡಿಯಲ್ಲಿ ಬರುವ ಅಕ್ಷರಗಳು. ಸರಸಮ್ಮ ಬೈದದ್ದನ್ನು ಇಂಗ್ಲಿಷಿಗೆ ಮಾಡಲು ನಿಧಿ, ನಾಸಿರ್ ಇಬ್ಬರೂ ಕೂತರು. ‘ಕಣವ್ವ’ ಎನ್ನುವಲ್ಲಿಗೆ ಬಂದು ಗಾಡಿ ಸಿಕ್ಕಿಕೊಂಡಿತು.

“ಡಿಯರ್ ಅಂತ ಹಾಕೋಣ,” ಎಂದಳು ನಿಧಿ.

“ಡಿಯರ್ ಎಂತದು, ಕಾಗದ ಬರೆದ ಹಾಗೆ ಆಗ್ತದೆ. ಸಿಸ್ಟರ್ ಹಾಕಿ.”

“ಅವ್ವ ಅಂದ್ರೆ ಅಮ್ಮ ಅಲ್ವಾ ನಾಸಿರ್? ಮದರ್ ಆಗ್ಬೇಕು.”

“ಬೈಯುವುದು ಅಮ್ಮ, ಬೈಸಿಕೊಳ್ಳುವವರನ್ನೂ ಅಮ್ಮ ಅಂದ್ರೆ ಜರ್ಮನಿಯವರಿಗೆ ತಲೆ ತಿರುಗುವುದಿಲ್ಲವಾ? ಮತ್ತೆ ಆ ‘ದಮ್ಮಯ್ಯ’ಕ್ಕೆ ಎಂತ ಮಾಡ್ತೀರಿ?”

“ಅಯ್ಯೋ, ಅದಕ್ಕೆ ಪ್ಲೀಸ್...” ಎಂದ ನಿಧಿ ಅಲ್ಲಿಗೇ ನಿಂತಳು. ನಾಸಿರನೂ ಅವಳನ್ನು ನೋಡಿದ. ಪ್ಲೀಸ್ ಎಂದರೆ ಬಿಟ್ಟೆ. ಸರಸಮ್ಮ ಬೈದು ಬೈದು ಕೊನೆಗೆ ಹೇಳಿದ್ದೂ ಊಟೆಮ್ಮ ಮೊದಲು ಹೇಳಿದ್ದನ್ನೇ. ಇಬ್ಬರೂ ಅದನ್ನು ಊಟೆಮ್ಮನಿಗೆ ವಿವರಿಸಿದರು. ಅವಳು ಆ ಭಾಗಕ್ಕೆ ಅಕ್ಷರವೇ ಬೇಡ, ಹಾಗೇ ಇರಲಿ ಎಂದಳು. ಒಂದು ಸಲವಾದರೂ ತಾಯಿಯಿಂದ ಬೈಸಿಕೊಂಡವರಿಗೆ ತಿಳಿಯುತ್ತದೆಯಂತೆ.

ಜೂನ್ ಕೊನೆಯಲ್ಲಿ ಊಟೆಮ್ಮ ಹೋದಳು. ನಾಸಿರ್ ಪೆಟ್ಟಿಗೆಗಳನ್ನು ಹೊತ್ತು ಇಳಿಸಿದ. ಎದುರು ಮನೆಗೆ ಬೇರೆ ಯಾರೋ ಬಂದರು.

ಬೇಸಿಗೆ ಕಳೆಯಿತು. ಕುವೈತಿನಲ್ಲೂ ರಾತ್ರಿಗೆ ಹೊದಿಕೆ ಬೇಕಾಗುವ ಕಾಲ ಬಂತು. ಒಂದು ಸಂಜೆ ನಿಧಿಯ ಫೋನಿನ ಪರದೆಯಲ್ಲಿ ಊಟೆಮ್ಮ ಕಾಣಿಸಿಕೊಂಡಳು. ತಲೆಗೆ ಉಣ್ಣೆಯ ಟೋಪಿ. ಹಿಂದೆ ಬೀದಿಯೆಲ್ಲ ಬೆಳ್ಳಗಿತ್ತು. ಅವಳ ಹೊಳೆಯ ದಡದ ಊರಿನಲ್ಲಿ ನಿನ್ನೆ ಸಿನಿಮಾ ತೋರಿಸಿದರಂತೆ. ಟಾಕೀಸು ಅರ್ಧ ತುಂಬಿತ್ತಂತೆ, ಅವಳ ಲೆಕ್ಕದಲ್ಲಿ ಅದು ಹೌಸ್‌ಫುಲ್ಲು. ಕೊನೆಯಲ್ಲಿ ಸರಸಮ್ಮ ಕ್ಯಾಮೆರಾದ ಹತ್ತಿರ ಬರುತ್ತಿದ್ದ ಹಾಗೆ ಮುಂದಿನ ಸಾಲಿನ ಒಬ್ಬ ದಢೂತಿ ಮುದುಕ ಬೆನ್ನನ್ನು ಕುರ್ಚಿಗೆ ಒತ್ತಿಕೊಂಡು ಹಿಂದಕ್ಕೆ ಸರಿದನಂತೆ. ದೀಪ ಹತ್ತಿದಾಗ ಅವನು ಯಾರಿಗೂ ಮುಖ ತೋರಿಸದೆ ಟೋಪಿ ಹುಡುಕುತ್ತಿದ್ದನಂತೆ.

“ಕ್ಯಾಮೆರಾ ಮಾರಿದ್ಳಾ ಕೇಳು,” ಎಂದರು ಸರಸಮ್ಮ.

ನಿಧಿ ಕೇಳಿದಳು. ಊಟೆಮ್ಮ ಫೋನನ್ನು ತಿರುಗಿಸಿ ಮನೆಯ ಮೇಜು ತೋರಿಸಿದಳು. ಕ್ಯಾಮೆರಾ ಅಲ್ಲೇ ಇತ್ತು. ಪಕ್ಕದಲ್ಲಿ ಬರೆದ ಹಾಳೆಗಳು. ಅವಳು ಏನೋ ಹೇಳಿದಳು, ನಿಧಿ ಬಾಯಿ ತೆರೆದು ಅತ್ತೆಯನ್ನು ನೋಡಿದಳು.

“ಆರನೇ ಸಿನಿಮಾ ಬರೀತಿದಾರಂತೆ ಅತ್ತೆ. ಬಿಸಿಲ ದೇಶದ ಮುದುಕಿ ಒಬ್ಬಳು ಹಿಮದಲ್ಲಿ ಸೈಕಲ್ ತಳ್ಕೊಂಡು ಹೋಗೋ ಕಥೆ. ಮುಂದಿನ ಚಳಿಗಾಲಕ್ಕೆ ನೀವು ಬರ್ತೀರಾ ಅಂತ ಕೇಳ್ತಿದಾರೆ.”

ಸರಸಮ್ಮ ಫೋನನ್ನು ಸೊಸೆಯ ಕೈಯಿಂದ ತೆಗೆದುಕೊಂಡು, ಊಟೆಮ್ಮನ ಹಿಂದಿನ ಕಿಟಕಿಯಲ್ಲಿ ಬೀಳುತ್ತಿದ್ದ ಆ ಬೆಳ್ಳನೆಯ ಹತ್ತಿಯನ್ನು ಬಹಳ ಹೊತ್ತು ನೋಡಿದರು.

“ಹಿಮ ಅಂದ್ರೆ ಜಾರ್ತದಲ್ವ? ಈ ಚಪ್ಪಲೀಲಿ ಆಗಲ್ಲ,” ಎಂದರು. “ಆ ಸೈಕಲ್ಲಿನ ಟ್ಯೂಬು ಎಂಥದ್ದು ಅಂತ ಮೊದ್ಲು ಕೇಳು.”